ಛಾಯಾಗ್ರಾಹಕ ರಾಬಿ ಮ್ಯುಲ್ಲರ್: ಪದೇ ಪದೇ ಕೇಳುವ ಪ್ರಶ್ನೆಗಳು

ಯಾರು ಈ ರಾಬಿ ಮ್ಯುಲ್ಲರ್?

ನೆದರ್ಲೆಂಡ್ಸ್‌ನ ಛಾಯಾಗ್ರಾಹಕರು. ಹುಟ್ಟಿದ್ದು 1940ರ ಏಪ್ರಿಲ್ 4ರಂದು, ತೀರಿಕೊಂಡಿದ್ದು 2018ರ ಜುಲೈ 3ರಂದು, ಆಮ್‌ಸ್ಟರ್‌ಡ್ಯಾಮ್‌ನಲ್ಲಿ. ಇವರ ಹೆಸರು ಕೇಳಿಲ್ಲ ಅನ್ನುವವರೂ ಇವರ ಕೆಲಸ ನೋಡಿರುತ್ತಾರೆ. ವಿಮ್ ವೆಂಡರ್ಸ್ ಅವರ ‘ಪ್ಯಾರಿಸ್, ಟೆಕ್ಸಾಸ್’, ಜಿಮ್ ಜಾರ್ಮುಶ್ ಅವರ ‘ಡೆಡ್ ಮ್ಯಾನ್’, ಲಾರ್ಸ್ ವಾನ್ ಟ್ರಿಯರ್ ಅವರ ‘ಬ್ರೇಕಿಂಗ್ ದಿ ವೇವ್ಸ್’. ಮೂರೂ ಬೇರೆ ಬೇರೆ ಜಾತಿಯ ಚಿತ್ರಗಳು. ಮೂರಕ್ಕೂ ಕ್ಯಾಮೆರಾ ಇವರದ್ದೇ. ಒಂದು ಮರುಭೂಮಿಯ ಬಣ್ಣದಲ್ಲಿ ಅದ್ದಿ ತೆಗೆದ ಹಾಗಿದೆ, ಇನ್ನೊಂದು ಪೂರ್ತಿ ಕಪ್ಪು-ಬಿಳುಪು, ಮತ್ತೊಂದರಲ್ಲಿ ಕ್ಯಾಮೆರಾ ಒಂದು ಕಡೆ ನಿಲ್ಲುವುದೇ ಇಲ್ಲ.

ಹೆಸರು ಜರ್ಮನ್ ಥರ ಇದೆ, ಡಚ್ ಅಂತೀರಲ್ಲ?

ಇದು ತುಂಬಾ ಜನ ಕೇಳುವ ಪ್ರಶ್ನೆ. ಹೆಸರು ಜರ್ಮನ್ ಥರ, ಮೊದಲು ಹೆಸರು ಮಾಡಿದ್ದೂ ಜರ್ಮನಿಯಲ್ಲಿ, ಹಾಗಾಗಿ ಗೊಂದಲ ಸಹಜ. ಆದರೆ ಅವರು ಡಚ್ಚರು. ಮಜಾ ಏನಂದರೆ ಹುಟ್ಟಿದ್ದು ಯುರೋಪಿನಲ್ಲೇ ಅಲ್ಲ. ಕೆರಿಬಿಯನ್ ಸಮುದ್ರದಲ್ಲಿರುವ ಕ್ಯುರಸಾವ್ ಎಂಬ ದ್ವೀಪದ ವಿಲ್ಲೆಮ್‌ಸ್ಟಾಡ್ ಊರಿನಲ್ಲಿ. ಅದು ಆಗ ಡಚ್ಚರ ವಸಾಹತು. ಬಾಲ್ಯದ ಒಂದಷ್ಟು ಕಾಲ ಇಂಡೋನೇಷ್ಯಾದಲ್ಲಿ ಕಳೆಯಿತು. ನೆದರ್ಲೆಂಡ್ಸ್‌ಗೆ ಬಂದು ನೆಲೆಸಿದಾಗ ಅವರು ಹದಿಹರೆಯದ ಹುಡುಗ.

ಬಿಸಿಲು ಸುರಿಯುವ ಎರಡು ದ್ವೀಪಗಳನ್ನು ನೋಡಿ, ಆಮೇಲೆ ಮೋಡ ಕವಿದ ಆಮ್‌ಸ್ಟರ್‌ಡ್ಯಾಮ್‌ಗೆ ಬಂದದ್ದರಿಂದಲೇ ಬೆಳಕಿನ ಮೇಲೆ ಅಷ್ಟು ಗಮನ ಬಂತು ಅಂತ ಕೆಲವರು ಕಥೆ ಕಟ್ಟುತ್ತಾರೆ. ನನಗೆ ಇಂಥ ವಿವರಣೆಗಳ ಮೇಲೆ ಜಾಸ್ತಿ ನಂಬಿಕೆ ಇಲ್ಲ. ಅಂಥ ಬಿಸಿಲಲ್ಲಿ ಬೆಳೆದವರು ಲಕ್ಷಾಂತರ ಜನ ಇದ್ದಾರೆ. ಆದರೆ ಒಂದು ಮಾತು ಒಪ್ಪಬಹುದು. ಎಲ್ಲಿ ಹೋದರೂ ಹೊರಗಿನವರಾಗಿಯೇ ನೋಡುವ ಅಭ್ಯಾಸ ಚಿಕ್ಕಂದಿನಿಂದಲೇ ಇತ್ತು. ಮುಂದೆ ಅಮೆರಿಕವನ್ನು ಕ್ಯಾಮೆರಾದಲ್ಲಿ ಹಿಡಿದಾಗ ಅದು ಕೆಲಸಕ್ಕೆ ಬಂತು.

ಕ್ಯಾಮೆರಾ ಕೆಲಸ ಕಲಿತದ್ದು ಎಲ್ಲಿ?

1962ರಿಂದ 1964ರವರೆಗೆ ಆಮ್‌ಸ್ಟರ್‌ಡ್ಯಾಮ್‌ನ ನೆದರ್ಲೆಂಡ್ಸ್ ಫಿಲ್ಮ್ ಅಕಾಡೆಮಿಯಲ್ಲಿ ಓದಿದರು. ಆಮೇಲೆ ಗೆರಾರ್ಡ್ ವಾಂಡೆನ್‌ಬರ್ಗ್ ಅನ್ನುವ ಛಾಯಾಗ್ರಾಹಕರ ಕೈಕೆಳಗೆ ಸಹಾಯಕರಾಗಿ ಸೇರಿದರು. ಅವರೂ ಡಚ್ಚರೇ, ಕೆಲಸ ಮಾತ್ರ ಜರ್ಮನಿಯಲ್ಲಿ. ಗುರುವಿನ ಹಿಂದೆ ಶಿಷ್ಯನೂ ಗಡಿ ದಾಟಿದ.

ಅದು ಒಳ್ಳೇ ಸಮಯ. ಪಶ್ಚಿಮ ಜರ್ಮನಿಯಲ್ಲಿ ಹೊಸ ಹುಡುಗರು ಹಳೇ ಸ್ಟುಡಿಯೋ ಸಿನಿಮಾಕ್ಕೆ ಬೆನ್ನು ಹಾಕಿ ಬೀದಿಗೆ ಇಳಿಯುತ್ತಿದ್ದರು. ದುಡ್ಡು ಕಮ್ಮಿ, ಲೈಟುಗಳು ಕಮ್ಮಿ, ತಂಡ ಚಿಕ್ಕದು. ಇಂಥ ಕಡೆ ಬೇಗ ಯೋಚಿಸುವ, ಇದ್ದುದರಲ್ಲೇ ಕೆಲಸ ತೆಗೆಯುವ ಕ್ಯಾಮೆರಾಮನ್ ಸಿಕ್ಕರೆ ಬಿಡುತ್ತಾರಾ? 1970ರಲ್ಲಿ ಹಾನ್ಸ್ ಗೈಸೆನ್‌ಡೋರ್ಫರ್ ಅವರ ‘ಯೊನಾಥನ್’ ಎಂಬ ರಕ್ತಪಿಶಾಚಿ ಕಥೆಗೆ ಕ್ಯಾಮೆರಾ ಹಿಡಿದರು. ಅದೇ ವರ್ಷ ವೆಂಡರ್ಸ್ ಜೊತೆ ಮೊದಲ ಪೂರ್ಣ ಚಿತ್ರವೂ ಬಂತು.

ವಿಮ್ ವೆಂಡರ್ಸ್ ಜೊತೆ ನಂಟು ಹೇಗೆ ಬೆಳೆಯಿತು?

ವೆಂಡರ್ಸ್ ಆಗ ಮ್ಯೂನಿಕ್‌ನ ಫಿಲ್ಮ್ ಶಾಲೆಯ ವಿದ್ಯಾರ್ಥಿ. 1969ರ ಒಂದು ಕಿರುಚಿತ್ರದಲ್ಲಿ ಜೊತೆಯಾದರು. ವೆಂಡರ್ಸ್ ಶಾಲೆ ಮುಗಿಸಲು ತೆಗೆದ ‘ಸಮ್ಮರ್ ಇನ್ ದಿ ಸಿಟಿ’ (1970) ಕೂಡ ಮ್ಯುಲ್ಲರ್ ಅವರದ್ದೇ ಛಾಯಾಗ್ರಹಣ. ಅಲ್ಲಿಂದ 1977ರವರೆಗೆ ವೆಂಡರ್ಸ್ ತೆಗೆದ ಒಂದೊಂದು ಕಥಾಚಿತ್ರದಲ್ಲೂ ಇವರಿದ್ದಾರೆ. ಗೋಲ್‌ಕೀಪರ್ ಒಬ್ಬನ ಕಥೆ (1972), ‘ದಿ ಸ್ಕಾರ್ಲೆಟ್ ಲೆಟರ್’ (1973), ‘ಆಲಿಸ್ ಇನ್ ದಿ ಸಿಟೀಸ್’ (1974), ‘ರಾಂಗ್ ಮೂವ್’ (1975), ‘ಕಿಂಗ್ಸ್ ಆಫ್ ದಿ ರೋಡ್’ (1976), ‘ದಿ ಅಮೆರಿಕನ್ ಫ್ರೆಂಡ್’ (1977). ಇಬ್ಬರೂ ಒಟ್ಟಿಗೇ ಕಲಿತರು ಅನ್ನಬೇಕು. ಒಬ್ಬ ಗುರು, ಒಬ್ಬ ಶಿಷ್ಯ ಅನ್ನುವ ಲೆಕ್ಕವೇ ಇರಲಿಲ್ಲ.

‘ಆಲಿಸ್’ ನೋಡಿ. 16 ಎಂಎಂ ಕಪ್ಪು-ಬಿಳುಪು ಫಿಲ್ಮ್. ಪತ್ರಕರ್ತನೊಬ್ಬ ಅಮೆರಿಕದಲ್ಲಿ ಸುತ್ತುತ್ತಾ ಪೋಲರಾಯ್ಡ್ ಫೋಟೋ (ತೆಗೆದ ಕೂಡಲೇ ಕ್ಯಾಮೆರಾದಿಂದಲೇ ಹೊರಬರುವ ಫೋಟೋ) ತೆಗೆಯುತ್ತಾ ಹೋಗುತ್ತಾನೆ, ಫೋಟೋದಲ್ಲಿ ಕಣ್ಣಿಗೆ ಕಂಡದ್ದು ಮೂಡುವುದೇ ಇಲ್ಲ ಅಂತ ಗೊಣಗುತ್ತಾನೆ. ಆಮೇಲೆ ಒಂಬತ್ತು ವರ್ಷದ ಹುಡುಗಿಯೊಬ್ಬಳು ಅವನ ಕೈಗೆ ಬೀಳುತ್ತಾಳೆ. ಅವಳ ಅಜ್ಜಿಯ ಮನೆ ಹುಡುಕುತ್ತಾ ಜರ್ಮನಿಯ ಕೈಗಾರಿಕಾ ಊರುಗಳಲ್ಲಿ ಅಲೆಯುತ್ತಾರೆ. ಕಾರಿನ ಕಿಟಕಿಯಿಂದ ಕಾಣುವ ಮನೆಗಳು, ಅಂಗಡಿಗಳು, ಬೂದು ಆಕಾಶ. ಯಾವುದನ್ನೂ ಚೆಂದ ಮಾಡಲು ಹೋಗಿಲ್ಲ, ಅದಕ್ಕೇ ನೆನಪಲ್ಲಿ ಉಳಿಯುತ್ತದೆ.

‘ಕಿಂಗ್ಸ್ ಆಫ್ ದಿ ರೋಡ್’ ಸ್ಕ್ರಿಪ್ಟ್ ಇಲ್ಲದೇ ತೆಗೆದದ್ದು ನಿಜವಾ?

ಬಹುಮಟ್ಟಿಗೆ ನಿಜ. 1975ರಲ್ಲಿ ಪೂರ್ವ-ಪಶ್ಚಿಮ ಜರ್ಮನಿಯ ಗಡಿಯುದ್ದಕ್ಕೂ ತಂಡ ಹೊರಟಿತು. ದಾರಿ ಗೊತ್ತಿತ್ತು, ಕಥೆ ದಾರಿಯಲ್ಲೇ ಹುಟ್ಟಬೇಕಿತ್ತು. ಲಾರಿಯಲ್ಲಿ ಊರೂರು ಸುತ್ತಿ ಚಿತ್ರಮಂದಿರಗಳ ಪ್ರೊಜೆಕ್ಟರ್ ರಿಪೇರಿ ಮಾಡುವವನು ಒಬ್ಬ. ಹೆಂಡತಿಯನ್ನು ಬಿಟ್ಟು ಬಂದು ತನ್ನ ಫೋಕ್ಸ್‌ವ್ಯಾಗನ್ ಕಾರನ್ನು ನೇರ ಎಲ್ಬ್ ನದಿಗೇ ನುಗ್ಗಿಸುವವನು ಇನ್ನೊಬ್ಬ. ಇವರಿಬ್ಬರ ಪ್ರಯಾಣ, ಹತ್ತಿರ ಹತ್ತಿರ ಮೂರು ಗಂಟೆ.

ಛಾಯಾಗ್ರಾಹಕನಿಗೆ ಇದು ಕಷ್ಟದ ಕೆಲಸ. ನಾಳೆ ಯಾವ ಜಾಗ, ಎಷ್ಟು ಹೊತ್ತಿಗೆ, ಯಾವ ಬೆಳಕು, ಏನೂ ಗೊತ್ತಿರುವುದಿಲ್ಲ. ಆದರೂ ಇಡೀ ಚಿತ್ರ ಒಂದೇ ಕೈಯಲ್ಲಿ ಬರೆದ ಹಾಗೆ ಕಾಣಬೇಕು. ಅದು ಹಾಗೇ ಕಾಣುತ್ತದೆ. ಕಪ್ಪು-ಬಿಳುಪಿನಲ್ಲಿ ಎಲೆಯ ಬೂದು ಬೇರೆ, ರಸ್ತೆಯ ಬೂದು ಬೇರೆ, ಲಾರಿಯ ತಗಡಿನ ಬೂದು ಬೇರೆ. ವಾಕರ್ ಎವಾನ್ಸ್ ಎಂಬ ಅಮೆರಿಕನ್ ಫೋಟೋಗ್ರಾಫರ್ ಕಡೆ ವೆಂಡರ್ಸ್‌ಗೆ ಒಲವಿತ್ತು. ಆ ಫೋಟೋಗಳ ಹಾಗೆ ಇಲ್ಲೂ ಖಾಲಿ ಕಟ್ಟಡಗಳು ಎದುರಿಗೆ ನೆಟ್ಟಗೆ ನಿಂತಿರುತ್ತವೆ. ಈ ಚಿತ್ರಕ್ಕೆ 1976ರಲ್ಲಿ ಫ್ರಾನ್ಸ್‌ನ ಕಾನ್ ಚಿತ್ರೋತ್ಸವದಲ್ಲಿ ವಿಮರ್ಶಕರ ಬಹುಮಾನ ಬಂತು.

ಅವರ ಚಿತ್ರಗಳಲ್ಲಿ ರಾತ್ರಿ ಅಂದರೆ ಹಸಿರು. ಯಾಕೆ?

ಇದು ಎಲ್ಲಕ್ಕಿಂತ ಜಾಸ್ತಿ ಕೇಳುವ ಪ್ರಶ್ನೆ, ಉತ್ತರವೂ ಸ್ವಲ್ಪ ಉದ್ದ.

ಟ್ಯೂಬ್‌ಲೈಟ್ ನಮ್ಮ ಕಣ್ಣಿಗೆ ಬಿಳಿಯಾಗಿ ಕಾಣುತ್ತದೆ. ನಿಜದಲ್ಲಿ ಅದರ ಬೆಳಕಿನಲ್ಲಿ ಹಸಿರಿನ ಅಂಶ ಜಾಸ್ತಿ. ಒಳಗಿನ ಪಾದರಸದ ಆವಿ ಮಾಡುವ ಕೆಲಸ ಅದು. ಮಿದುಳು ಅದನ್ನು ತಾನಾಗಿಯೇ ಸರಿ ಮಾಡಿಕೊಂಡು ‘ಬಿಳಿ’ ಅಂತ ಹೇಳಿಬಿಡುತ್ತದೆ. ಫಿಲ್ಮಿಗೆ ಮಿದುಳು ಇಲ್ಲ. ಬಂದ ಹಸಿರನ್ನು ಬಂದ ಹಾಗೇ ಬರೆದುಕೊಳ್ಳುತ್ತದೆ. ಅದಕ್ಕೇ ಆ ಕಾಲದ ಛಾಯಾಗ್ರಾಹಕರಿಗೆ ಟ್ಯೂಬ್‌ಲೈಟ್ ಅಂದರೆ ತಲೆನೋವು. ಟ್ಯೂಬುಗಳಿಗೆ ನೇರಳೆಗೆಂಪು ಹಾಳೆ ಸುತ್ತುತ್ತಿದ್ದರು, ಇಲ್ಲವೇ ಟ್ಯೂಬನ್ನೇ ಬದಲಿಸುತ್ತಿದ್ದರು, ಅದೂ ಆಗದಿದ್ದರೆ ಲ್ಯಾಬಿನಲ್ಲಿ ಹಸಿರು ತೆಗೆಸುತ್ತಿದ್ದರು. ವೃತ್ತಿಯ ಪಾಠವೇ ಅದು: ಹಸಿರು ಬಂದರೆ ತಪ್ಪು.

ಮ್ಯುಲ್ಲರ್ ಅದನ್ನು ಹಾಗೇ ಬಿಟ್ಟರು. ‘ದಿ ಅಮೆರಿಕನ್ ಫ್ರೆಂಡ್’ನಲ್ಲಿ ಡೆನಿಸ್ ಹಾಪರ್ ಬಿಲಿಯರ್ಡ್ಸ್ ಮೇಜಿನ ಮೇಲೆ ಮಲಗಿ, ಪೋಲರಾಯ್ಡ್ ಕ್ಯಾಮೆರಾವನ್ನು ತನ್ನ ಮುಖಕ್ಕೇ ಹಿಡಿದು ಒಂದಾದ ಮೇಲೊಂದು ಫೋಟೋ ತೆಗೆದುಕೊಳ್ಳುತ್ತಾನಲ್ಲ, ಮೈಮೇಲೆಲ್ಲ ಫೋಟೋಗಳು ಉದುರುತ್ತವಲ್ಲ, ಆ ದೃಶ್ಯದ ಹಸಿರು ನೆನಪಿಸಿಕೊಳ್ಳಿ. ಆ ಮನುಷ್ಯ ಒಳಗೊಳಗೇ ಕೊಳೆಯುತ್ತಿದ್ದಾನೆ ಅಂತ ಯಾರೂ ಬಾಯಿಬಿಟ್ಟು ಹೇಳಬೇಕಾಗಿಲ್ಲ.

ಅಂದಮಾತ್ರಕ್ಕೆ ಸುಮ್ನೆ ಬಿಟ್ಟರೆ ಆಯಿತು ಅಂತಲ್ಲ. ಒಂದೇ ಚೌಕಟ್ಟಿನಲ್ಲಿ ಟ್ಯೂಬ್‌ಲೈಟಿನ ಹಸಿರು, ಸಾದಾ ಬಲ್ಬಿನ ಕಿತ್ತಳೆ, ಸಂಜೆ ಆಕಾಶದ ನೀಲಿ, ಕಾರಿನ ಹಿಂದಿನ ದೀಪದ ಕೆಂಪು ನಾಲ್ಕನ್ನೂ ಇಟ್ಟು, ಅದು ಗಜಿಬಿಜಿ ಆಗದ ಹಾಗೆ ನೋಡಿಕೊಳ್ಳಬೇಕು. ಯಾವ ಬಣ್ಣ ಎಷ್ಟು ಜೋರಾಗಬೇಕು, ಯಾರ ಮುಖದ ಮೇಲೆ ಬೀಳಬೇಕು ಅನ್ನುವ ಲೆಕ್ಕ ಇರಲೇಬೇಕು. ಇವತ್ತು ಜಾಹೀರಾತುಗಳಲ್ಲೂ ವೆಬ್ ಸರಣಿಗಳಲ್ಲೂ ಹಸಿರು ರಾತ್ರಿ ಕಂಡರೆ, ಅದರಲ್ಲಿ ಮುಕ್ಕಾಲು ಪಾಲು ಆಮೇಲೆ ಕಂಪ್ಯೂಟರಿನಲ್ಲಿ ಬಳಿದದ್ದು. ನನಗಂತೂ ಎರಡಕ್ಕೂ ಇರುವ ವ್ಯತ್ಯಾಸ ಎದ್ದು ಕಾಣುತ್ತದೆ. ಬಳಿದ ಹಸಿರು ಎಲ್ಲದರ ಮೇಲೂ ಒಂದೇ ಸಮ ಕೂತಿರುತ್ತದೆ. ಇವರ ಹಸಿರು ಒಂದು ದೀಪದಿಂದ ಬರುತ್ತದೆ, ಆ ದೀಪ ಎಲ್ಲಿದೆ ಅಂತ ಬೆರಳು ಮಾಡಿ ತೋರಿಸಬಹುದು.

‘ಪ್ಯಾರಿಸ್, ಟೆಕ್ಸಾಸ್’ನ ಗಾಜಿನ ದೃಶ್ಯ ಹೇಗೆ ತೆಗೆದರು?

ಮೊದಲು ಸಂದರ್ಭ. ಟ್ರಾವಿಸ್ ನಾಲ್ಕು ವರ್ಷ ಕಾಣೆಯಾಗಿದ್ದವನು, ಟೆಕ್ಸಾಸ್‌ನ ಮರುಭೂಮಿಯಿಂದ ಕೆಂಪು ಟೋಪಿ ಹಾಕಿಕೊಂಡು ನಡೆದು ಬರುತ್ತಾನೆ. ಬಿಟ್ಟುಹೋದ ಹೆಂಡತಿ ಜೇನ್‌ಳನ್ನು ಹುಡುಕುತ್ತಾ, ಮಗನನ್ನು ಕರೆದುಕೊಂಡು ಹ್ಯೂಸ್ಟನ್‌ಗೆ ಹೋಗುತ್ತಾನೆ. ಅವಳು ಸಿಗುವುದು ದುಡ್ಡು ಕೊಟ್ಟು ಹೆಂಗಸರನ್ನು ನೋಡುವ ಒಂದು ಜಾಗದಲ್ಲಿ. ಮಧ್ಯೆ ಗಾಜು. ಅವನಿಗೆ ಅವಳು ಕಾಣುತ್ತಾಳೆ, ಅವಳಿಗೆ ಅವನು ಕಾಣುವುದಿಲ್ಲ. ಮಾತು ಟೆಲಿಫೋನಿನಲ್ಲಿ.

ಇಂಥ ಗಾಜು ಕೆಲಸ ಮಾಡುವುದೇ ಬೆಳಕಿನ ವ್ಯತ್ಯಾಸದಿಂದ. ಬೆಳಕು ಜಾಸ್ತಿ ಇರುವ ಕಡೆಯವರಿಗೆ ಗಾಜು ಕನ್ನಡಿಯಾಗುತ್ತದೆ, ಕತ್ತಲಲ್ಲಿ ಇರುವವರಿಗೆ ಕಿಟಕಿಯಾಗುತ್ತದೆ. ಹಾಗಾಗಿ ಜೇನ್‌ಳ ಕೋಣೆಗೆ ಭರ್ಜರಿ ಬೆಳಕು ಬೇಕು, ಟ್ರಾವಿಸ್ ಕಡೆ ಕತ್ತಲು ಬೇಕು. ಆ ಕತ್ತಲಲ್ಲೂ ಟ್ರಾವಿಸ್ ಪಾತ್ರದ ಹ್ಯಾರಿ ಡೀನ್ ಸ್ಟ್ಯಾಂಟನ್ ಅವರ ಮುಖ ಫಿಲ್ಮಿನ ಮೇಲೆ ಮೂಡಬೇಕು.

ಎರಡನೇ ಭೇಟಿಯಲ್ಲಿ ಟ್ರಾವಿಸ್ ಕುರ್ಚಿ ತಿರುಗಿಸಿ ಗಾಜಿಗೆ ಬೆನ್ನು ಮಾಡಿ ಕೂರುತ್ತಾನೆ. ಅವಳನ್ನು ನೋಡುತ್ತಾ ಆ ಕಥೆ ಹೇಳಲು ಅವನಿಂದ ಆಗದು. ಕಥೆ ಯಾರದ್ದು ಅಂತ ಅವಳಿಗೆ ಮೆಲ್ಲಗೆ ಗೊತ್ತಾಗುತ್ತದೆ. ಆಮೇಲೆ ಅವಳು ತನ್ನ ಕಡೆಯ ದೀಪ ಆರಿಸುತ್ತಾಳೆ, ಅವನು ತನ್ನ ಮುಖಕ್ಕೆ ದೀಪ ತಿರುಗಿಸಿಕೊಳ್ಳುತ್ತಾನೆ. ಅಷ್ಟೇ. ಕನ್ನಡಿ ಇದ್ದ ಕಡೆ ಕಿಟಕಿ, ಕಿಟಕಿ ಇದ್ದ ಕಡೆ ಕನ್ನಡಿ. ನಡುವೆ ಒಂದು ಕಡೆ ಅವನ ಮುಖದ ಪ್ರತಿಬಿಂಬ ಸರಿಯಾಗಿ ಅವಳ ಮುಖದ ಮೇಲೆ ಬಂದು ಕೂರುತ್ತದೆ, ಅವಳ ಹೊಂಬಣ್ಣದ ಕೂದಲಿನ ನಡುವೆ ಅವನ ಬಾಡಿದ ಮುಖ. ಇದು ಲ್ಯಾಬಿನಲ್ಲಿ ಮಾಡಿದ ಚಮತ್ಕಾರ ಅಂತ ತುಂಬಾ ಜನ ಅಂದುಕೊಂಡಿದ್ದಾರೆ. ಗಾಜು, ಎರಡು ಮುಖ ಮತ್ತು ಬೆಳಕಿನ ಅಳತೆ ಸರಿ ಇದ್ದರೆ ಕ್ಯಾಮೆರಾದ ಎದುರಿಗೇ ಸಿಗುವ ಚಿತ್ರ ಅದು.

ಇಷ್ಟು ದೊಡ್ಡ ಭಾವದ ದೃಶ್ಯದಲ್ಲಿ ಛಾಯಾಗ್ರಹಣವೇ ಕಥೆಯ ಕೀಲಿ ಆಗಿರುವುದು ಅಪರೂಪ. ಸ್ಯಾಮ್ ಶೆಪರ್ಡ್ ಬರೆದ ಮಾತು ಎಷ್ಟು ಮುಖ್ಯವೋ, ಯಾವ ಸ್ವಿಚ್ ಯಾವಾಗ ಒತ್ತುತ್ತಾರೆ ಅನ್ನುವುದೂ ಅಷ್ಟೇ ಮುಖ್ಯ. ಚಿತ್ರಕ್ಕೆ 1984ರಲ್ಲಿ ಕಾನ್‌ನ ಅತ್ಯುನ್ನತ ಪ್ರಶಸ್ತಿ ಪಾಮ್ ದೋರ್ ಬಂತು. ಇನ್ನೊಂದು ಸಂಗತಿ: ಈ ಚಿತ್ರದ ಕ್ಯಾಮೆರಾ ತಂಡದಲ್ಲಿ ಸಹಾಯಕಿಯಾಗಿದ್ದವರು ಆನ್ಯೆಸ್ ಗೊಡಾರ್, ಸಹಾಯಕ ನಿರ್ದೇಶಕಿ ಕ್ಲೇರ್ ಡೆನಿಸ್. ಮುಂದೆ ಆ ಇಬ್ಬರೂ ಸೇರಿ ಫ್ರೆಂಚ್ ಸಿನಿಮಾದಲ್ಲಿ ತಮ್ಮದೇ ದಾರಿ ಮಾಡಿದರು.

ಹಾಗಾದರೆ ಅವರು ಲೈಟೇ ಹಾಕುತ್ತಿರಲಿಲ್ಲವಾ?

ಹಾಕುತ್ತಿದ್ದರು, ಹಾಕದೇ ಹೇಗೆ? ‘ಸಹಜ ಬೆಳಕಿನ ಮಾಂತ್ರಿಕ’ ಅಂತ ಬರೆದೂ ಬರೆದೂ ಅವರು ಬರೀ ಕಿಟಕಿ ತೆಗೆದು ಕೂರುತ್ತಿದ್ದರು ಅನ್ನುವ ಹಾಗೆ ಆಗಿಬಿಟ್ಟಿದೆ. ಗಾಜಿನ ದೃಶ್ಯಕ್ಕೆ ಎಷ್ಟು ಬೆಳಕು ಬೇಕಾಯಿತು ಅಂತ ಈಗಷ್ಟೇ ನೋಡಿದಿರಿ.

ಅವರ ದಾರಿ ಇಷ್ಟು. ಮೊದಲು ಆ ಜಾಗದಲ್ಲಿ ಏನಿದೆ ನೋಡುವುದು: ಕಿಟಕಿ ಯಾವ ಕಡೆ, ಬೋರ್ಡಿನ ದೀಪ ಯಾವ ಬಣ್ಣ, ಮೇಜಿನ ಮೇಲೆ ಲ್ಯಾಂಪ್ ಇದೆಯಾ. ಅದರಲ್ಲಿ ಬೇಡದ್ದನ್ನು ತೆಗೆಯುವುದು. ಕೊನೆಗೆ ಕಮ್ಮಿ ಬಿದ್ದರೆ ಮಾತ್ರ ಸೇರಿಸುವುದು, ಸೇರಿಸಿದ್ದೂ ಅದೇ ಜಾಗದಿಂದ ಬಂದ ಹಾಗೆ ಕಾಣಬೇಕು. ಸ್ಟುಡಿಯೋ ಪದ್ಧತಿಯಲ್ಲಿ ಮುಖಕ್ಕೊಂದು ಲೈಟು, ಕೂದಲಿಗೊಂದು ಲೈಟು, ಹಿನ್ನೆಲೆಗೊಂದು ಲೈಟು ಅಂತ ಶುರುವಾಗುತ್ತದೆ, ನಟ ಆ ಲೈಟುಗಳ ಗುರುತಿನೊಳಗೇ ನಿಲ್ಲಬೇಕು. ಇವರ ಕೋಣೆಯಲ್ಲಿ ನಟರು ಓಡಾಡಬಹುದು. ನಿರ್ದೇಶಕರು ಇವರನ್ನು ಬಿಡದಿರಲು ಇದೂ ಒಂದು ಕಾರಣ ಅಂತ ನನ್ನ ಅನಿಸಿಕೆ.

ಹಾಲಿವುಡ್‌ನಲ್ಲಿ ಕೆಲಸ ಮಾಡಿದ್ದಾರಾ?

ಅಮೆರಿಕದಲ್ಲಿ ಸಾಕಷ್ಟು ಮಾಡಿದ್ದಾರೆ. ದೊಡ್ಡ ಸ್ಟುಡಿಯೋಗಳ ಖಾಯಂ ಮನುಷ್ಯ ಮಾತ್ರ ಆಗಲಿಲ್ಲ.

ಪೀಟರ್ ಬೊಗ್ಡಾನೊವಿಚ್ ಅವರ ‘ಸೇಂಟ್ ಜ್ಯಾಕ್’ (1979) ಸಿಂಗಪುರದ ಬೀದಿಗಳಲ್ಲಿ ತೆಗೆದದ್ದು. ಅಲ್ಲಿನ ಅಧಿಕಾರಿಗಳಿಗೆ ಬೇರೆಯೇ ಚಿತ್ರದ ಹೆಸರು ಹೇಳಿ, ಸುಳ್ಳು ಕಥೆ ಕೊಟ್ಟು ಅನುಮತಿ ಪಡೆದಿದ್ದರು! ಆಮೇಲೆ ಚಿತ್ರವನ್ನು ಸಿಂಗಪುರದಲ್ಲಿ ನಿಷೇಧಿಸಿದರು, ನಿಷೇಧ ತೆಗೆದದ್ದು 2006ರಲ್ಲಿ. ಈಗ ನೋಡಿದರೆ ಕಾಣೆಯಾದ ಹಳೇ ಸಿಂಗಪುರದ ದಾಖಲೆ ಅದು. ಅದೇ ನಿರ್ದೇಶಕರ ‘ದೇ ಆಲ್ ಲಾಫ್ಡ್’ (1981) ನ್ಯೂಯಾರ್ಕ್ ಬೀದಿಗಳದ್ದು, ಆಡ್ರಿ ಹೆಪ್‌ಬರ್ನ್ ಇದ್ದಾರೆ.

ಆಮೇಲೆ ಲಾಸ್ ಏಂಜಲೀಸ್. ಅಲೆಕ್ಸ್ ಕಾಕ್ಸ್ ಅವರ ‘ರೆಪೊ ಮ್ಯಾನ್’ (1984), ವಿಲಿಯಂ ಫ್ರೀಡ್ಕಿನ್ ಅವರ ‘ಟು ಲಿವ್ ಅಂಡ್ ಡೈ ಇನ್ ಎಲ್.ಎ.’ (1985), ಬಾರ್ಬೆ ಶ್ರೋಡರ್ ಅವರ ‘ಬಾರ್‌ಫ್ಲೈ’ (1987). ಮೂರನ್ನೂ ಒಂದರ ಹಿಂದೆ ಒಂದು ನೋಡಿ. ಕಡಲತೀರ, ತಾಳೆಮರ, ತಾರೆಯರ ಬಂಗಲೆ ಇರುವ ಊರು ಇಲ್ಲಿ ಇಲ್ಲವೇ ಇಲ್ಲ. ಇರುವುದು ಗೋದಾಮು, ರೈಲು ಹಳಿ, ಕಾಂಕ್ರೀಟ್ ಕಾಲುವೆ, ಹಗಲಲ್ಲೂ ಕತ್ತಲಿರುವ ಬಾರು. ಫ್ರೀಡ್ಕಿನ್ ಚಿತ್ರದ ಆಕಾಶ ಹೊಗೆ ತುಂಬಿ ಕಿತ್ತಳೆ ಬಣ್ಣಕ್ಕೆ ತಿರುಗಿರುತ್ತದೆ. ಅದರಲ್ಲಿ ಎರಡನೇ ಘಟಕದ (ಮುಖ್ಯ ತಂಡದಿಂದ ಬೇರೆಯಾಗಿ ಕೆಲವು ದೃಶ್ಯ ತೆಗೆಯುವ ತಂಡದ) ಕ್ಯಾಮೆರಾ ನೋಡಿಕೊಂಡವರು ರಾಬರ್ಟ್ ಯೋಮನ್, ಮುಂದೆ ವೆಸ್ ಆಂಡರ್ಸನ್ ಚಿತ್ರಗಳಿಂದ ಹೆಸರಾದವರು.

ಜಾರ್ಮುಶ್ ಜೊತೆಗಿನ ಚಿತ್ರಗಳಲ್ಲಿ ಯಾವುದು ಮುಖ್ಯ?

‘ಡೌನ್ ಬೈ ಲಾ’ (1986), ‘ಮಿಸ್ಟರಿ ಟ್ರೇನ್’ (1989), ‘ಡೆಡ್ ಮ್ಯಾನ್’ (1995), ‘ಘೋಸ್ಟ್ ಡಾಗ್’ (1999). ನನ್ನ ಆಯ್ಕೆ ಮೊದಲನೆಯದು. ಜಾಸ್ತಿ ಜನರ ಆಯ್ಕೆ ‘ಡೆಡ್ ಮ್ಯಾನ್’.

‘ಡೌನ್ ಬೈ ಲಾ’ ಶುರುವಾಗುವಾಗ ಕ್ಯಾಮೆರಾ ನ್ಯೂ ಆರ್ಲಿಯನ್ಸ್ ಬೀದಿಗಳ ಪಕ್ಕದಲ್ಲೇ ಒಂದೇ ವೇಗದಲ್ಲಿ ಸರಿಯುತ್ತಾ ಹೋಗುತ್ತದೆ. ಮುರುಕು ಮನೆ, ಜಗಲಿ, ಸಮಾಧಿ. ಹಿಂದೆ ಟಾಮ್ ವೇಟ್ಸ್ ಹಾಡು. ಒಂದು ಮಾತಿಲ್ಲ, ಆದರೆ ಊರಿನ ಬಡತನ, ಸೆಕೆ, ಸೋಮಾರಿತನ ಎಲ್ಲ ಎರಡು ನಿಮಿಷದಲ್ಲಿ ಬಂದುಬಿಡುತ್ತದೆ. ಆಮೇಲೆ ಜೈಲಿನ ಕೋಣೆ. ಮೂವರು ಕೈದಿಗಳು, ಕಿಟಕಿ ಇಲ್ಲ. ರೊಬೆರ್ತೊ ಬೆನಿನಿ ಗೋಡೆಯ ಮೇಲೆ ಒಂದು ಕಿಟಕಿ ಬರೆಯುತ್ತಾನೆ! ಇಡೀ ಜೀವನ ಕಿಟಕಿಯ ಬೆಳಕನ್ನು ಅಳೆದವರ ಚಿತ್ರದಲ್ಲಿ ಗೋಡೆಗೆ ಬರೆದ ಕಿಟಕಿ. ನಗು ಬರುತ್ತದೆ ಅಲ್ವಾ?

‘ಡೆಡ್ ಮ್ಯಾನ್’ ಕೌಬಾಯ್ ಕಾಲದ ಕಥೆ. ಕ್ಲೀವ್‌ಲ್ಯಾಂಡ್‌ನಿಂದ ಪಶ್ಚಿಮಕ್ಕೆ ಹೊರಟ ಲೆಕ್ಕಿಗ, ಗುಂಡೇಟು ತಿಂದು ನಿಧಾನವಾಗಿ ಸಾಯುತ್ತಾ ಕಾಡಿನಲ್ಲಿ ಸಾಗುತ್ತಾನೆ. ಇಂಥ ಚಿತ್ರಗಳಲ್ಲಿ ಬೆಟ್ಟ, ಕಣಿವೆ, ಸೂರ್ಯಾಸ್ತ ಅಂತ ಪರದೆ ತುಂಬ ತೋರಿಸುವುದು ರೂಢಿ. ಇಲ್ಲಿ ಆ ಪೋಸ್ಟ್‌ಕಾರ್ಡ್ ನೋಟಗಳನ್ನು ಕೈಬಿಟ್ಟಿದ್ದಾರೆ. ಮರದ ತೊಗಟೆ, ಬಂಡೆ, ಹೊಗೆ, ಜಾನಿ ಡೆಪ್ ಮುಖಕ್ಕೆ ಬಳಿದ ಗೆರೆಗಳು. ನೀಲ್ ಯಂಗ್ ಅವರ ಗಿಟಾರ್. ಬಣ್ಣ ಇಲ್ಲದಿದ್ದಾಗ ಮನುಷ್ಯನನ್ನು ಮರದಿಂದ ಬೇರೆ ಮಾಡಿ ತೋರಿಸಲು ಬೂದಿನ ಅಳತೆ ಒಂದೇ ಉಳಿಯುತ್ತದೆ. ಆ ಅಳತೆ ಕಲಿಯಬೇಕು ಅನ್ನುವವರಿಗೆ ಇದಕ್ಕಿಂತ ಒಳ್ಳೇ ಪಾಠ ಸಿಗುವುದು ಕಷ್ಟ.

ಇಷ್ಟು ಹದವಾಗಿ ಚೌಕಟ್ಟು ಕಟ್ಟುವವರು ಲಾರ್ಸ್ ವಾನ್ ಟ್ರಿಯರ್ ಹತ್ತಿರ ಯಾಕೆ ಹೋದರು?

ಈ ಪ್ರಶ್ನೆಯಲ್ಲಿ ಸ್ವಲ್ಪ ಬೇಸರ ಇರುತ್ತದೆ, ಅರ್ಥವಾಗುತ್ತದೆ. ‘ಬ್ರೇಕಿಂಗ್ ದಿ ವೇವ್ಸ್’ (1996) ನೋಡಿ ತಲೆ ತಿರುಗಿತು ಅಂದವರೂ ಇದ್ದಾರೆ.

ಅಲ್ಲಿ ಕ್ಯಾಮೆರಾ ಪೂರ್ತಿ ಕೈಯಲ್ಲೇ. ನಟರಿಗೆ ನೆಲದ ಮೇಲೆ ಗುರುತು ಇಲ್ಲ, ಎಮಿಲಿ ವಾಟ್ಸನ್ ಎಲ್ಲಿಗೆ ತಿರುಗಿದರೆ ಕ್ಯಾಮೆರಾ ಅಲ್ಲಿಗೆ ತಿರುಗಬೇಕು, ಫೋಕಸ್ ಹೋದರೆ ಹೋಗಲಿ. ಕ್ಯಾಮೆರಾ ಹೊತ್ತು ಓಡಿದವರು ಆಪರೇಟರ್ ಜಾನ್-ಪಾಲ್ ಮ್ಯೂರಿಸ್. 35 ಎಂಎಂ ಫಿಲ್ಮಿನಲ್ಲಿ ತೆಗೆದು, ಅದನ್ನು ವಿಡಿಯೋಗೆ ಇಳಿಸಿ, ವಾಪಸ್ ಫಿಲ್ಮಿಗೆ ಹಾಕಿದರು. ಬೇಕಂತಲೇ ಬಣ್ಣ ಕಳೆಗುಂದಿತು, ಕಾಳು ಕಾಳಾಯಿತು. ಸ್ಕಾಟ್ಲೆಂಡ್‌ನ ಸಮುದ್ರದ ಅಂಚಿನ ಚಳಿ ಮೈಗೇ ತಾಗುತ್ತದೆ. ಅಧ್ಯಾಯಗಳ ನಡುವೆ ಮಾತ್ರ ಕಲಾವಿದ ಪೆರ್ ಕಿರ್ಕೆಬಿ ಮಾಡಿದ ನಿಧಾನದ, ಬಣ್ಣ ತುಂಬಿದ ನೋಟಗಳು.

‘ಡ್ಯಾನ್ಸರ್ ಇನ್ ದಿ ಡಾರ್ಕ್’ (2000) ಇನ್ನೂ ಒಂದು ಹೆಜ್ಜೆ ಮುಂದೆ ಹೋಯಿತು. ಹಾಡುಗಳಿಗೆ 100 ಚಿಕ್ಕ ಡಿಜಿಟಲ್ ಕ್ಯಾಮೆರಾಗಳನ್ನು ಅಲ್ಲಲ್ಲಿ ಕಟ್ಟಿದರು. ಉಳಿದ ದೃಶ್ಯಗಳಲ್ಲಿ ಬಹಳಷ್ಟು ಸಲ ಕ್ಯಾಮೆರಾ ನಿರ್ದೇಶಕರ ಹೆಗಲ ಮೇಲೆಯೇ ಇತ್ತು. ಅರವತ್ತರ ವಯಸ್ಸಿನಲ್ಲಿ, ತನ್ನ ಕೈಯಲ್ಲಿ ಕ್ಯಾಮೆರಾ ಇಲ್ಲದೇ, ತಾನು ಬೆಳೆಸಿದ ಸೊಗಸನ್ನೆಲ್ಲ ಬದಿಗಿಟ್ಟು ಕೆಲಸ ಮಾಡಲು ಒಪ್ಪುವುದು ಚಿಕ್ಕ ಮಾತಲ್ಲ. ಆ ಚಿತ್ರ ನೋಡಲು ಎಲ್ಲ ಕಡೆ ಚೆನ್ನಾಗಿದೆ ಅಂತ ನಾನು ಹೇಳುವುದಿಲ್ಲ. ಹಾಡುಗಳಲ್ಲಿ 100 ಕ್ಯಾಮೆರಾ ಇದ್ದೂ ಒಂದು ನೋಟವೂ ಮನಸ್ಸಿನಲ್ಲಿ ನಿಲ್ಲುವುದಿಲ್ಲ. ಆದರೆ ಕಣ್ಣು ಕಳೆದುಕೊಳ್ಳುತ್ತಿರುವ ಹೆಂಗಸಿನ ಕಥೆಗೆ ಆ ಒರಟುತನ ಹೊಂದುತ್ತದೆ. ಚಿತ್ರಕ್ಕೆ ಪಾಮ್ ದೋರ್, ಆ ಪಾತ್ರ ಮಾಡಿದ ಬ್ಯೋರ್ಕ್‌ಗೆ ಉತ್ತಮ ನಟಿ ಪ್ರಶಸ್ತಿ ಬಂತು.

ಹಾಗೆ ನೋಡಿದರೆ ಇದು ಹಳೇ ಮ್ಯುಲ್ಲರ್ ಅವರಿಂದ ಅಷ್ಟೇನೂ ದೂರ ಇಲ್ಲ. ಟ್ಯೂಬ್‌ಲೈಟಿನ ಹಸಿರನ್ನು ತಿದ್ದದೇ ಬಿಟ್ಟ ಮನುಷ್ಯ, ಈಗ ಫೋಕಸ್ ತಪ್ಪಿದ್ದನ್ನೂ ತಿದ್ದದೇ ಬಿಟ್ಟರು. ಕಥೆಗೆ ಬೇಕಾದರೆ ‘ತಪ್ಪು’ ಇರಲಿ, ಅಷ್ಟೇ.

ಆಸ್ಕರ್ ಬಂದಿದೆಯಾ?

ಇಲ್ಲ. ನಾಮನಿರ್ದೇಶನವೂ ಆಗಲಿಲ್ಲ. 1996ರಲ್ಲಿ ‘ಬ್ರೇಕಿಂಗ್ ದಿ ವೇವ್ಸ್’ ಮತ್ತು ‘ಡೆಡ್ ಮ್ಯಾನ್’ ಎರಡಕ್ಕೂ ಸೇರಿಸಿ ನ್ಯೂಯಾರ್ಕ್ ವಿಮರ್ಶಕರ ಸಂಘ ಉತ್ತಮ ಛಾಯಾಗ್ರಾಹಕ ಅಂತ ಆರಿಸಿತು. ಅಮೆರಿಕದ ಛಾಯಾಗ್ರಾಹಕರ ಸಂಘ 2013ರಲ್ಲಿ ಅಂತರರಾಷ್ಟ್ರೀಯ ಪ್ರಶಸ್ತಿ ಕೊಟ್ಟಿತು. 2016ರಲ್ಲಿ ಆಮ್‌ಸ್ಟರ್‌ಡ್ಯಾಮ್‌ನ ಐ ಫಿಲ್ಮ್ ಮ್ಯೂಸಿಯಂ ಅವರ ಕೆಲಸದ ದೊಡ್ಡ ಪ್ರದರ್ಶನ ಏರ್ಪಡಿಸಿತ್ತು.

ತಮ್ಮ ದೇಶದಲ್ಲೇ ಚಿತ್ರ ಮಾಡಲಿಲ್ಲವಾ?

ಕಮ್ಮಿ. ರುಟ್ಗರ್ ಹೌವರ್ ನಟಿಸಿದ ‘ಮಿಸ್ಟರೀಸ್’ (1978) ಒಂದು. ಉಳಿದಂತೆ ಅವರ ದಾರಿ ಜರ್ಮನಿ, ಅಮೆರಿಕ, ಪೋಲೆಂಡ್, ಇಂಗ್ಲೆಂಡ್ ಅಂತ ಹೊರಗೆ ಹೊರಗೇ ಹೋಯಿತು. ಆಂದ್ರೇ ವೈದಾ ಅವರ ‘ಕೊರ್ಚಾಕ್’ (1990), ಸ್ಯಾಲಿ ಪಾಟರ್ ಅವರ ‘ದಿ ಟ್ಯಾಂಗೋ ಲೆಸನ್’ (1997), ಮೈಕಲ್ ವಿಂಟರ್‌ಬಾಟಮ್ ಅವರ ‘24 ಅವರ್ ಪಾರ್ಟಿ ಪೀಪಲ್’ (2002). ಕೊನೆಯದು ಮ್ಯಾಂಚೆಸ್ಟರ್‌ನ ಸಂಗೀತ ಲೋಕದ ಕಥೆ, ಡಿಜಿಟಲ್ ವಿಡಿಯೋದಲ್ಲಿ ತೆಗೆದದ್ದು. ಅದು ಅವರ ಕೊನೆಯ ದೊಡ್ಡ ಚಿತ್ರಗಳಲ್ಲಿ ಒಂದು.

ಪೋಲರಾಯ್ಡ್ ಫೋಟೋಗಳ ಬಗ್ಗೆ ಕೇಳಿದ್ದೇನೆ, ಅದೇನು?

ಶೂಟಿಂಗ್‌ಗೆ ಊರೂರು ಹೋದಾಗ ತಮಗೋಸ್ಕರ ತೆಗೆದುಕೊಂಡ ಚಿತ್ರಗಳು. ಹೋಟೆಲ್ ಕೋಣೆಯ ದೀಪ, ಪರದೆಯ ಮೇಲಿನ ಬಿಸಿಲು, ನಿಲ್ಲಿಸಿದ ಕಾರು. ಮನುಷ್ಯರು ಕಮ್ಮಿ. ಆಮೇಲೆ ಇವು ಪುಸ್ತಕವಾಗಿ, ಪ್ರದರ್ಶನವಾಗಿ ಹೊರಬಂದವು. ಸಿನಿಮಾಗಳಿಗಿಂತ ಇವನ್ನು ಮೊದಲು ನೋಡಿದರೂ ನಷ್ಟವಿಲ್ಲ. ಕಥೆ, ನಟರು, ಸಂಗೀತ ಯಾವುದೂ ಇಲ್ಲದೇ ಬರೀ ಬೆಳಕನ್ನು ಅವರು ಹೇಗೆ ನೋಡುತ್ತಿದ್ದರು ಅಂತ ಗೊತ್ತಾಗುತ್ತದೆ.

ಕೊನೆಯ ವರ್ಷಗಳು ಹೇಗಿದ್ದವು?

ಕಷ್ಟದವು. ಮಿದುಳಿನ ರಕ್ತನಾಳಗಳ ತೊಂದರೆಯಿಂದ ಬರುವ ಮರೆವಿನ ಕಾಯಿಲೆ ಹಲವು ವರ್ಷ ಕಾಡಿತು. ಮಾತು ಹೋಯಿತು. ತೀರಿಕೊಂಡಾಗ 78 ವರ್ಷ. ಎರಡೇ ತಿಂಗಳಿಗೆ ವೆನಿಸ್ ಉತ್ಸವದಲ್ಲಿ ಅವರ ಮೇಲಿನ ಸಾಕ್ಷ್ಯಚಿತ್ರ ‘ಲಿವಿಂಗ್ ದಿ ಲೈಟ್’ ತೆರೆ ಕಂಡಿತು. ನಿರ್ದೇಶಕಿ ಕ್ಲೇರ್ ಪೈಮನ್, ಅವರೂ ಛಾಯಾಗ್ರಾಹಕಿಯೇ. ಮ್ಯುಲ್ಲರ್ ತಾವೇ ಚಿಕ್ಕ ವಿಡಿಯೋ ಕ್ಯಾಮೆರಾದಲ್ಲಿ ಹಿಡಿದಿಟ್ಟಿದ್ದ ದಿನಚರಿಯ ತುಣುಕುಗಳು ಅದರಲ್ಲಿವೆ. ಸಂಗೀತದಲ್ಲಿ ಜಾರ್ಮುಶ್ ಕೈ ಇದೆ.

ಎಲ್ಲಿಂದ ಶುರು ಮಾಡಲಿ?

‘ಪ್ಯಾರಿಸ್, ಟೆಕ್ಸಾಸ್’. ಇದರಲ್ಲಿ ಎರಡು ಮಾತಿಲ್ಲ. ಆಮೇಲೆ ‘ಡೌನ್ ಬೈ ಲಾ’, ಯಾಕೆಂದರೆ ಕಪ್ಪು-ಬಿಳುಪು ಅಂದರೆ ಬೇಸರ ಅಂದುಕೊಂಡವರಿಗೆ ಅದರಲ್ಲಿ ನಗು ಇದೆ. ನಂತರ ‘ದಿ ಅಮೆರಿಕನ್ ಫ್ರೆಂಡ್’. ‘ಕಿಂಗ್ಸ್ ಆಫ್ ದಿ ರೋಡ್’ ರಜೆಯ ದಿನಕ್ಕೆ ಇಟ್ಟುಕೊಳ್ಳಿ, ಅರ್ಧ ನೋಡಿ ನಿಲ್ಲಿಸಿದರೆ ಅದರ ಲಯವೇ ಸಿಗುವುದಿಲ್ಲ. ‘ಬ್ರೇಕಿಂಗ್ ದಿ ವೇವ್ಸ್’ ಮನಸ್ಸು ಗಟ್ಟಿ ಇದ್ದಾಗ ಮಾತ್ರ. ಮಧ್ಯಾಹ್ನ ಕಿಟಕಿ ತೆಗೆದಿಟ್ಟು ಮೊಬೈಲಿನಲ್ಲಿ ಯಾವುದನ್ನೂ ನೋಡಬೇಡಿ, ಕತ್ತಲಿನ ವಿವರಗಳೆಲ್ಲ ಮುಚ್ಚಿಹೋಗುತ್ತವೆ.

ನಾನು ಮೊಬೈಲ್‌ನಲ್ಲೇ ಕಿರುಚಿತ್ರ ತೆಗೆಯುತ್ತೇನೆ. ಅವರ ಹಸಿರು ನನಗೆ ಬರುತ್ತಾ?

ಬರಬಹುದು, ಒಂದು ತೊಂದರೆ ಇದೆ. ಮೊಬೈಲ್ ಕ್ಯಾಮೆರಾಗಳಲ್ಲಿ ಬಿಳಿಯ ಸಮತೋಲನ (ವೈಟ್ ಬ್ಯಾಲೆನ್ಸ್, ಅಂದರೆ ಬಿಳಿ ಬಿಳಿಯಾಗೇ ಕಾಣುವಂತೆ ಬಣ್ಣ ತಿದ್ದುವುದು) ತಾನಾಗಿಯೇ ಹೊಂದಿಕೊಳ್ಳುತ್ತದೆ. ನಿಮಗೆ ಬೇಕಾದ ಬಣ್ಣವನ್ನು ಅದು ತಪ್ಪು ಅಂತ ತೆಗೆದುಹಾಕುತ್ತದೆ, ಮಿದುಳು ಮಾಡುವ ಕೆಲಸವನ್ನೇ ಮೊಬೈಲೂ ಮಾಡುತ್ತದೆ. ಆ ಸ್ವಯಂಚಾಲಿತ ವ್ಯವಸ್ಥೆಯನ್ನು ಆಫ್ ಮಾಡಿ, ಹಗಲಿನ ಬೆಳಕಿಗೆ ಹೊಂದುವ ಅಳತೆಗೆ ಬೀಗ ಹಾಕಿ. ಆಮೇಲೆ ಸಂಜೆ ಸೂರ್ಯ ಮುಳುಗಿದ ತಕ್ಷಣ ಹಳೇ ಟ್ಯೂಬ್‌ಲೈಟ್ ಇರುವ ಅಂಗಡಿಯೋ ಬಸ್ ನಿಲ್ದಾಣವೋ ಹುಡುಕಿ, ಆಕಾಶವೂ ಚೌಕಟ್ಟಿನಲ್ಲಿ ಇರುವ ಹಾಗೆ ನಿಲ್ಲಿ. ಆಕಾಶ ನೀಲಿ ಇರುವುದು ಸ್ವಲ್ಪ ಹೊತ್ತು ಮಾತ್ರ, ನಟರನ್ನು ಮೊದಲೇ ತಯಾರು ಮಾಡಿಟ್ಟುಕೊಳ್ಳಿ. ಹೊಸ ಎಲ್‌ಇಡಿ ದೀಪಗಳಲ್ಲಿ ಆ ಹಸಿರು ಅಷ್ಟು ಸಿಗುವುದಿಲ್ಲ. ಆಗ ಸಿಗುವ ಬಣ್ಣ ಯಾವುದು ನೋಡಿ, ಅದನ್ನೇ ಬಳಸಿ.